ವಾಚ್‌ಮನ್ ತನ್ನ ಜಾಗ ಮಾರಿಕೊಂಡು ಹೋದ!

ಬನ್‌ಬಸಾದ ಬ್ಯಾಂಕಿನಲ್ಲಿ ಮೂರು ವರ್ಷ ಇದ್ದೆ ಎಂದು ಈ ಅಂಕಣದಲ್ಲಿ ಹಿಂದೊಮ್ಮೆ ಬಾಯಿ ಬಿಟ್ಟದ್ದೇ ತಪ್ಪಾಯಿತು. ಈ ಸಲದ ಕಾಗದಗಳೆಲ್ಲ ನೇಪಾಳಿ ಕೆಲಸಗಾರರ ಮೇಲೇ ಬಂದಿವೆ. ಗೊತ್ತಿಲ್ಲದವರಿಗೆ ಹೇಳುತ್ತೇನೆ: ಬನ್‌ಬಸಾ ನೇಪಾಳ ಗಡಿಯ ಊರು, ನಾನಿದ್ದಾಗ ಉತ್ತರ ಪ್ರದೇಶದಲ್ಲಿತ್ತು, ಈಗ ಉತ್ತರಾಖಂಡಕ್ಕೆ ಸೇರಿದೆ. ನಾವು ಶಾರದಾ ಎನ್ನುವ ನದಿ ನೇಪಾಳದವರಿಗೆ ಮಹಾಕಾಳಿ. ಅದಕ್ಕೆ 1928ರಲ್ಲಿ ಬ್ರಿಟಿಷರು ಕಟ್ಟಿ ಮುಗಿಸಿದ ಅಣೆಕಟ್ಟೆಯ ಮೇಲೆ ನಡೆದೇ ಆಚೆ ದೇಶಕ್ಕೆ ಹೋಗಬಹುದು.

ಪ್ರಶ್ನೆ: ನಮ್ಮ ಅಪಾರ್ಟ್‌ಮೆಂಟಿನಲ್ಲಿ ಆರು ವರ್ಷ ಇದ್ದ ನೇಪಾಳಿ ವಾಚ್‌ಮನ್ ಊರಿಗೆ ಹೋಗುವಾಗ ತನ್ನ ಭಾವಮೈದುನನನ್ನು ಗೇಟಿನಲ್ಲಿ ನಿಲ್ಲಿಸಿ ಹೋದ. ಅದಕ್ಕೆ ಅವನಿಂದ 30,000 ರೂಪಾಯಿ ತೆಗೆದುಕೊಂಡಿದ್ದಾನೆಂದು ಈಗ ಗೊತ್ತಾಯಿತು. ಬೆಳಿಗ್ಗೆ ಏಳರಿಂದ ರಾತ್ರಿ ಏಳರವರೆಗಿನ ಕೆಲಸಕ್ಕೆ 16,000 ಸಂಬಳ ಮತ್ತು ರೂಮು ಕೊಟ್ಟಿದ್ದೆವು. ನಾವು ಕೊಟ್ಟ ಕೆಲಸವನ್ನು ಅವನು ಮಾರುವುದೇ? ಪೊಲೀಸರಿಗೆ ದೂರು ಕೊಡಬಹುದೇ? — ಸಂಘದ ಕಾರ್ಯದರ್ಶಿ, ಬೆಂಗಳೂರು

ಉತ್ತರ: ಕೊಡಿ. ಆದರೆ ಠಾಣೆಯಲ್ಲಿ ಮೊದಲು ಅವನ ಹಾಜರಿ ಪುಸ್ತಕ, ವಾರದ ರಜೆ, ಪಿಎಫ್ ಚೀಟಿ ಕೇಳಿದರೆ ಏನು ತೋರಿಸುತ್ತೀರಿ ಎಂದು ಯೋಚಿಸಿಕೊಂಡು ಹೋಗಿ.

ಈ ವ್ಯಾಪಾರ ಹೊಸದಲ್ಲ. ದಶೈಂ ಹಬ್ಬದ ಮುಂದೆ, ಅಂದರೆ ನಮ್ಮ ದಸರೆ ಹೊತ್ತಿಗೆ, ದಿಲ್ಲಿಯಿಂದ ರಾತ್ರಿ ಬಸ್ಸಿನಲ್ಲಿ ಬಂದವರು ನಮ್ಮ ಬ್ಯಾಂಕಿನ ಎದುರಿನ ಚಹಾ ಅಂಗಡಿಯಲ್ಲಿ ಗಂಟುಮೂಟೆ ಇಳಿಸುತ್ತಿದ್ದರು. ಕಂಬಳಿ, ಪ್ರೆಷರ್ ಕುಕ್ಕರ್, ಒಬ್ಬನ ಹೆಗಲ ಮೇಲೆ ಟಿವಿ. ಅಛಾಮ್ ಜಿಲ್ಲೆಯ ಮುದುಕನೊಬ್ಬ ದಿಲ್ಲಿಯ ಏಳು ಬೀದಿಗಳಲ್ಲಿ ರಾತ್ರಿ ಕೋಲು ಕುಟ್ಟಿ ಕಾವಲು ಕಾದವನು. ಮನೆಗಿಷ್ಟು ಎಂದು ತಿಂಗಳ ಕೊನೆಗೆ ತಾನೇ ವಸೂಲಿ ಮಾಡಿಕೊಳ್ಳುತ್ತಿದ್ದ. ಊರಿಗೆ ಮರಳುವಾಗ ಆ ಏಳು ಬೀದಿಗಳನ್ನು ಪಕ್ಕದ ಹಳ್ಳಿಯ ಹುಡುಗನಿಗೆ ಕೊಟ್ಟು ದುಡ್ಡು ತಂದಿದ್ದ. ಅದನ್ನು ಅವನು ಮುಚ್ಚಿಡಲೂ ಇಲ್ಲ. "ಸಾಹೇಬ್, ನಿಮಗೆ ಬ್ಯಾಂಕು ಫಂಡ್ ಕೊಡುತ್ತದಲ್ಲ, ಇದು ನನ್ನದು" ಎಂದ.

ಅಂಗಡಿ ಬಿಟ್ಟುಕೊಡುವವನು ಗುಡ್‌ವಿಲ್ ಕೇಳಿದರೆ ನಮಗೆ ಸರಿ ಕಾಣುತ್ತದೆ. ಯಾವ ಮನೆಯ ಅಜ್ಜಿಗೆ ಇನ್ಸುಲಿನ್ ಬರುತ್ತದೆ, ಯಾರ ಕಾರು ರಾತ್ರಿ ಎರಡಕ್ಕೆ ಬಂದರೂ ಪ್ರಶ್ನೆ ಕೇಳಬಾರದು, ನೀರಿನ ಟ್ಯಾಂಕರಿನವನು ಎಷ್ಟು ಮೋಸ ಮಾಡುತ್ತಾನೆ, ಇದೆಲ್ಲ ಆರು ವರ್ಷದಲ್ಲಿ ಅವನು ಕಟ್ಟಿದ ಗುಡ್‌ವಿಲ್. ನೀವು ಕೊಡದಿದ್ದುದನ್ನು ಭಾವಮೈದುನನಿಂದ ವಸೂಲಿ ಮಾಡಿದ. ಹಾಗೆಂದು ನಾನು ಅವನನ್ನು ಮೆಚ್ಚುತ್ತಿಲ್ಲ. ಆ 30,000 ಹೊಸಬನ ಸ್ವಂತದ್ದಾಗಿರಲಾರದು. ಎಲ್ಲೋ ಸಾಲ ಎತ್ತಿರುತ್ತಾನೆ, ಇಲ್ಲವೇ ನಮ್ಮ ಚೀಟಿ ಫಂಡಿನಂತೆ ಅವರು ನಡೆಸುವ "ಸೊಸೈಟಿ"ಯಿಂದ ತಂದಿರುತ್ತಾನೆ. ಅಂದರೆ ನಿಮ್ಮ ಗೇಟಿನಲ್ಲಿ ನಿಂತವನ ಮೊದಲ ಕೆಲವು ತಿಂಗಳ ದುಡಿಮೆ ಬಡ್ಡಿಗೇ ಹೋಗುತ್ತದೆ. ಠಾಣೆಗೆ ಹೋಗುವುದಾದರೆ ಅವನ ವೆರಿಫಿಕೇಶನ್‌ಗೆ ಹೋಗಿ. ಸಂಬಳ ಅವನ ಖಾತೆಗೇ ಹಾಕಿ. ವಾರಕ್ಕೊಂದು ರಜೆ ಕೊಡಿ.

ಪ್ರಶ್ನೆ: ಇವರಿಗೆ ವೀಸಾ ಬೇಡವೇ? — ಒಬ್ಬ ಓದುಗ, ತುಮಕೂರು

ಉತ್ತರ: ಬೇಡ. 1950ರ ಜುಲೈ 31ರಂದು ಭಾರತ-ನೇಪಾಳದ ನಡುವೆ ಆದ ಒಪ್ಪಂದದ 7ನೇ ವಿಧಿಯಂತೆ ಎರಡೂ ದೇಶದವರು ಇನ್ನೊಂದು ದೇಶದಲ್ಲಿ ವಾಸ ಮಾಡಬಹುದು, ದುಡಿಯಬಹುದು, ಓಡಾಡಬಹುದು. ಬಾಗಿಲು ಎರಡೂ ಕಡೆಗೆ ತೆರೆಯುತ್ತದೆ. ಕಾಠ್ಮಂಡುವಿನ ಪಶುಪತಿನಾಥನ ಗರ್ಭಗುಡಿಯಲ್ಲಿ ಪೂಜೆ ಮಾಡುವ ಭಟ್ಟರು ನಮ್ಮ ಕರ್ನಾಟಕದವರಲ್ಲವೇ? ಅವರನ್ನು ಯಾರೂ ವಲಸೆ ಕಾರ್ಮಿಕರು ಎನ್ನುವುದಿಲ್ಲ, ಅಷ್ಟೇ.

ಪ್ರಶ್ನೆ: ನಮ್ಮ ಹೋಟೆಲಿನ ಅಡುಗೆಯವನು ಡೋಟಿ ಜಿಲ್ಲೆಯವನು. 45,000 ರೂಪಾಯಿ ಉಳಿಸಿ, ಎಲ್ಲವನ್ನೂ 500ರ ನೋಟಿನಲ್ಲೇ ಕೊಡಿ, ಊರಿಗೆ ಒಯ್ಯುತ್ತೇನೆ ಎನ್ನುತ್ತಾನೆ. ಕೊಡಲೇ? — ಹೋಟೆಲ್ ಮಾಲೀಕ, ಹಾಸನ

ಉತ್ತರ: ಬೇಡ. 2016ರಲ್ಲಿ ನಮ್ಮ ನೋಟು ರದ್ದಾದಾಗ ನೇಪಾಳದ ಟ್ರಂಕುಗಳಲ್ಲಿದ್ದ 500, 1000ದ ನೋಟುಗಳು ಅಲ್ಲೇ ಕೊಳೆತವು. 2018ರ ಡಿಸೆಂಬರಿನಲ್ಲಿ ನೇಪಾಳ ಸರ್ಕಾರ 100ಕ್ಕಿಂತ ದೊಡ್ಡ ಭಾರತೀಯ ನೋಟನ್ನೇ ನಿಷೇಧಿಸಿತು. ಇಂಥ ನಿಯಮಗಳು ಬಿಗಿಯಾಗುತ್ತವೆ, ಸಡಿಲಾಗುತ್ತವೆ. ವರ್ಷದ ದುಡಿಮೆಯನ್ನು ಅದರ ಮೇಲೆ ಪಣಕ್ಕಿಡಬಾರದು.

ಇನ್ನೊಂದು ಸೋರಿಕೆಯೂ ಇದೆ. 1993ರಿಂದ ನಮ್ಮ 100 ರೂಪಾಯಿಗೆ ಅವರ 160 ಎಂದು ದರ ಗಟ್ಟಿಯಾಗಿದೆ. ಗಡಿಯಲ್ಲಿ ಮಾತ್ರ ಹಾಗೆ ಸಿಗುತ್ತಿರಲಿಲ್ಲ. ನಾನಿದ್ದಾಗ ಸೇತುವೆ ಪಕ್ಕದ ದಲಾಲಿ 155 ಎಣಿಸಿ "ಚಿಲ್ಲರೆ ಇಲ್ಲ" ಎನ್ನುತ್ತಿದ್ದ. ಕತ್ತಲಾಗುವ ಮೊದಲು ಬಸ್ಸು ಹಿಡಿಯಬೇಕಾದವನು ಜಗಳಕ್ಕೆ ನಿಲ್ಲುತ್ತಾನೆಯೇ? 45,000ಕ್ಕೆ ಆ ಲೆಕ್ಕ ಹಾಕಿದರೆ 2,250 ನೇಪಾಳಿ ರೂಪಾಯಿ ಸೇತುವೆಯ ಮೇಲೇ ಹೋಯಿತು.

ಬ್ಯಾಂಕಿಗೆ ಹೋಗಿ "ಇಂಡೋ-ನೇಪಾಳ್ ರೆಮಿಟೆನ್ಸ್" ಎಂದು ಕೇಳಿ. ರಿಸರ್ವ್ ಬ್ಯಾಂಕು 2008ರಲ್ಲೇ ಶುರು ಮಾಡಿದ ವ್ಯವಸ್ಥೆ, ನೆಫ್ಟ್ ಮೂಲಕ ಹೋಗುತ್ತದೆ. 2021ರಲ್ಲಿ ಒಂದು ಸಲದ ಮಿತಿಯನ್ನು 50,000ದಿಂದ 2 ಲಕ್ಷಕ್ಕೆ ಏರಿಸಿದರು. ಅವನ ಹೆಂಡತಿಗೆ ನೇಪಾಳಿ ರೂಪಾಯಿಯಲ್ಲೇ ಸಿಗುತ್ತದೆ. ಕೌಂಟರಿನಲ್ಲಿರುವ ಹುಡುಗ "ಅಂಥದ್ದು ಇಲ್ಲ ಸಾರ್" ಎಂದರೆ ಮ್ಯಾನೇಜರನ್ನು ಕೇಳಿ. ನಮ್ಮವರ ಅಭ್ಯಾಸ ನನಗೆ ಗೊತ್ತು.

ಪ್ರಶ್ನೆ: ನೇಪಾಳದಲ್ಲೂ ಕನಿಷ್ಠ ವೇತನ ಇದೆಯಂತೆ. ಹಾಗಿದ್ದೂ ಇಷ್ಟು ದೂರ ಯಾಕೆ ಬರುತ್ತಾರೆ? — ಬಿ.ಎ. ವಿದ್ಯಾರ್ಥಿನಿ, ಶಿವಮೊಗ್ಗ

ಉತ್ತರ: ಪೆನ್ನು ತಗೊಳ್ಳಿ. 2025ರ ಜುಲೈಯಿಂದ ಅಲ್ಲಿನ ಕನಿಷ್ಠ ವೇತನ ತಿಂಗಳಿಗೆ 19,550 ನೇಪಾಳಿ ರೂಪಾಯಿ. 1.6ರಿಂದ ಭಾಗಿಸಿದರೆ ನಮ್ಮ 12,219. ವಾರಕ್ಕೆ 48 ಗಂಟೆಯ ಕೆಲಸವಾದ್ದರಿಂದ ಗಂಟೆಗೆ ಸುಮಾರು 59 ರೂಪಾಯಿ. ಈಗ ಮೇಲಿನ ಕಾರ್ಯದರ್ಶಿಗಳ 16,000ವನ್ನು ರಜೆಯಿಲ್ಲದ 30 ದಿನಕ್ಕೆ, ದಿನದ 12 ಗಂಟೆಗೆ ಹಂಚಿ. ಗಂಟೆಗೆ 44!

ಎರಡು ಸಲ ಕೂಡಿ ಕಳೆದು ನೋಡಿದೆ, ತಪ್ಪಿಲ್ಲ. ಹಾಗಾದರೆ ಬರುವುದೇಕೆ? ಪಶ್ಚಿಮ ನೇಪಾಳದ ಬಾಜುರಾ ಜಿಲ್ಲೆಯ ಗುಡ್ಡದಲ್ಲಿ ಆ 19,550 ಕೊಡುವ ಕಾರ್ಖಾನೆ ಎಲ್ಲಿದೆ? ಹೊಲದ ಬೆಳೆ ವರ್ಷಕ್ಕೆ ಸಾಲುವುದಿಲ್ಲ. ಗಲ್ಫಿಗೆ ಹೋಗಲು ಪಾಸ್‌ಪೋರ್ಟು, ಏಜೆಂಟು, ವಿಮಾನದ ಖರ್ಚು. ಅಷ್ಟು ಸಾಲ ಹುಟ್ಟಿಸಬಲ್ಲವನು ಅಲ್ಲಿಗೆ ಹೋಗುತ್ತಾನೆ. ಬಸ್ ಚಾರ್ಜು ಮಾತ್ರ ಇದ್ದವನು ಬನ್‌ಬಸಾ ದಾಟಿ ದಿಲ್ಲಿಗೆ, ಅಲ್ಲಿಂದ ಕರ್ನಾಟಕ ಎಕ್ಸ್‌ಪ್ರೆಸ್ಸಿನಲ್ಲಿ ಎರಡು ರಾತ್ರಿ ಕುಳಿತು ನಿಮ್ಮೂರ ಕಡೆಗೆ ಬರುತ್ತಾನೆ. ಪಶ್ಚಿಮ ನೇಪಾಳದ ಗುಡ್ಡಗಾಡಿನವರು ಭಾರತಕ್ಕೆ ದುಡಿಯಲು ಹೋಗುವುದನ್ನು "ಕಾಲಾಪಹಾಡ್‌ಗೆ ಹೋದ" ಎನ್ನುತ್ತಾರೆ, ಕಪ್ಪು ಬೆಟ್ಟಕ್ಕೆ. ದುಡಿಯಲು ಹೊರಗೆ ಹೋದವನಿಗೆ ಇನ್ನೊಂದು ಹೆಸರು "ಲಾಹುರೆ". ರಣಜಿತ್ ಸಿಂಗನ ಸೈನ್ಯ ಸೇರಲು ಲಾಹೋರಿಗೆ ಹೋಗುತ್ತಿದ್ದವರಿಂದ ಬಂದ ಮಾತು. ಮನೆಯಲ್ಲಿ ಗಂಡಸರಿಲ್ಲದ ಊರಿನ ಕಥೆ ಅಷ್ಟು ಹಳೆಯದು.

ಬಾಗಿಲು ತೆರೆದಿದೆ ಎಂದೆನಲ್ಲ, 2020ರ ಮಾರ್ಚಿನಲ್ಲಿ ಮುಚ್ಚಿತು. ಅದೇ ನದಿಯ ದಂಡೆಯ ಗಡಿ ಊರು ಧಾರ್ಚುಲಾದಲ್ಲಿ ತೂಗುಸೇತುವೆಯ ಈಚೆ ಸಿಕ್ಕಿಬಿದ್ದವರಲ್ಲಿ ಕೆಲವರು ಮಹಾಕಾಳಿಗೆ ಹಾರಿ ಈಜಿ ತಮ್ಮ ದೇಶ ಸೇರಿದರು. ಆ ನದಿಯ ಸೆಳೆತ ಕಂಡವನು ನಾನು. ಸುದ್ದಿ ಓದಿದ ದಿನ ಊಟ ಸೇರಲಿಲ್ಲ.

ಪ್ರಶ್ನೆ: ನಾನು ಎಂಟನೇ ಕ್ಲಾಸು, ಸರ್ಕಾರಿ ಶಾಲೆ. ಅಪ್ಪ ಹೇಳಿದ್ದನ್ನು ಬರೆಯುತ್ತಿದ್ದೇನೆ. ಅಪ್ಪ ಮೊದಲು ಒಂದು ಕಂಪನಿಯ ಗಾರ್ಡ್ ಆಗಿದ್ದರು. ಪಿಎಫ್ ಹಿಡಿದಿದ್ದರು. ಈಗ ಕೇಳಿದರೆ ನೇಪಾಳಿಗಳಿಗೆ ಬರುವುದಿಲ್ಲ, ಹೆಸರೂ ತಪ್ಪಿದೆ ಅನ್ನುತ್ತಾರೆ. ನಿಜವಾ? — ಬೆಂಗಳೂರು

ಉತ್ತರ: ಸುಳ್ಳು ಮಗಳೇ. ಪಿಎಫ್ ಕಾಯ್ದೆಯ ಲೆಕ್ಕದಲ್ಲಿ ಬೇರೆ ವಿದೇಶಿಯರು ಬಹುತೇಕ "ಅಂತರರಾಷ್ಟ್ರೀಯ ಕೆಲಸಗಾರರು". ನೇಪಾಳದವರು ಹಾಗಲ್ಲ. ಅದೇ 1950ರ ಒಪ್ಪಂದದ ಕಾರಣಕ್ಕೆ ಅವರನ್ನು ಭಾರತೀಯ ಕೆಲಸಗಾರರೆಂದೇ ಎಣಿಸಬೇಕು. ಅಪ್ಪನ ದುಡ್ಡು ಅಪ್ಪನದೇ.

ಹೆಸರಿನದು ಮಾತ್ರ ನಿಜವಾದ ತೊಡಕು. ನಾನು ಕಂಡ ರಿಜಿಸ್ಟರುಗಳಲ್ಲಿ ಎಲ್ಲರೂ "ಬಹಾದೂರ್" ಆಗಿರುತ್ತಿದ್ದರು, ಬರೆದುಕೊಳ್ಳುವವನ ಸೋಮಾರಿತನ. ಹಳೆಯ ಸಂಬಳದ ಚೀಟಿಯಲ್ಲಿ ಯುಎಎನ್ ಎಂಬ 12 ಅಂಕಿಯ ಸಂಖ್ಯೆ ಇದೆಯೇ ಹುಡುಕು. ಅಪ್ಪನ ನೇಪಾಳದ ಪೌರತ್ವ ಪತ್ರ, ಅವರು "ನಾಗರಿಕತಾ" ಎನ್ನುವುದು, ಮತ್ತು ಬ್ಯಾಂಕ್ ಪಾಸ್‌ಬುಕ್, ಆಧಾರ್ ಇದ್ದರೆ ಅದನ್ನೂ ಪಕ್ಕಪಕ್ಕ ಇಟ್ಟು ಹೆಸರಿನ ಅಕ್ಷರ ಎಲ್ಲೆಲ್ಲಿ ಬೇರೆ ಇದೆ ಎಂದು ಕೆಂಪು ಪೆನ್ನಿನಲ್ಲಿ ಗುರುತು ಮಾಡು. ತಿದ್ದಲು "ಜಂಟಿ ಘೋಷಣೆ" ಎಂಬ ಅರ್ಜಿ ಇದೆ. ಎಷ್ಟೋ ಸಲ ಹಳೆಯ ಕಂಪನಿಯವರೂ ಅದಕ್ಕೆ ಒಪ್ಪಿಗೆ ಕೊಡಬೇಕಾಗುತ್ತದೆ. ಕೊಡದೆ ಸತಾಯಿಸಿದರೆ ಪಿಎಫ್ ಕಚೇರಿಗೆ ಲಿಖಿತ ದೂರು ಕೊಡಿ, ನಕಲಿಗೆ ಸೀಲು ಹಾಕಿಸಿಕೊಳ್ಳಿ. ನಿನ್ನ ಕನ್ನಡ ಅಕ್ಷರ ದುಂಡಗಿದೆ, ದೂರನ್ನು ನೀನೇ ಬರೆ. ಎಲ್ಲಿಯಾದರೂ ತಡವಾದರೆ ಮತ್ತೆ ನನಗೆ ಕಾಗದ ಹಾಕು, ಈ ಸಲ ಅಪ್ಪನ ಪೂರ್ತಿ ಹೆಸರಿನ ಕಾಗುಣಿತದ ಜೊತೆ.