ಅಮೆರಿಕದಲ್ಲಿ ಸುಪ್ರೀಂ ಕೋರ್ಟ್ ನ್ಯಾಯಾಧೀಶರ ನೇಮಕ ಪಕ್ಷಗಳ ಜಗಳವಾಗಿದ್ದು ಹೇಗೆ?

ಎದುರು ಪಕ್ಷದ ಒಪ್ಪಿಗೆ ಪಡೆಯುವ ಅಗತ್ಯವೇ ಹೋದದ್ದರಿಂದ. ಅಲ್ಲಿ ಅಧ್ಯಕ್ಷರು ಸೂಚಿಸಿದ ಹೆಸರನ್ನು ಸಂಸತ್ತಿನ ಮೇಲ್ಮನೆಯಾದ ಸೆನೆಟ್ ಒಪ್ಪಬೇಕು. 1986ರಲ್ಲಿ ಕಟ್ಟಾ ಸಂಪ್ರದಾಯವಾದಿ ಆಂಟೊನಿನ್ ಸ್ಕಾಲಿಯಾ ಅವರಿಗೆ 98–0 ಮತ ಬಿದ್ದಿತ್ತು. 2018ರಲ್ಲಿ ಬ್ರೆಟ್ ಕವನಾ ಗೆದ್ದದ್ದು ಬರೀ 50–48ರಲ್ಲಿ.

ಮೊದಲು ವಿರೋಧಿಗಳು ಚರ್ಚೆಯನ್ನು ಎಳೆದರೆ, ಅದನ್ನು ನಿಲ್ಲಿಸಿ ಮತಕ್ಕೆ ಹಾಕಲು 100ರಲ್ಲಿ 60 ಸದಸ್ಯರು ಬೇಕಿತ್ತು. ಹಾಗಾಗಿ ಎದುರಿನವರೂ ಸಹಿಸಬಲ್ಲ ಹೆಸರನ್ನು ಹುಡುಕುವುದೇ ಜಾಣತನವಾಗಿತ್ತು. ಪಕ್ಷಗಳ ನಡುವಿನ ಅಪನಂಬಿಕೆ ಬೆಳೆದಂತೆ ಇದೇ ನಿಯಮ ಅಡ್ಡಗಾಲಾಯಿತು. 2013ರಲ್ಲಿ ಡೆಮಾಕ್ರಾಟರು ಕೆಳಗಿನ ಫೆಡರಲ್ ನ್ಯಾಯಾಲಯಗಳ ಮಟ್ಟಿಗೆ, 2017ರಲ್ಲಿ ರಿಪಬ್ಲಿಕನ್ನರು ಸುಪ್ರೀಂ ಕೋರ್ಟಿಗೂ ಅದನ್ನು ತೆಗೆದುಹಾಕಿದರು. ಈಗ ಸರಳ ಬಹುಮತ ಸಾಕು. ಇದರ ಪೆಟ್ಟು ಬೀಳುವುದು ತೀರ್ಪುಗಳ ಮೇಲೆ: ಸೋತ ಕಡೆಯ ಮತದಾರರಿಗೆ ಅವು ಎದುರಾಳಿ ಪಕ್ಷದ ಆದೇಶಗಳಂತೆ ಕಾಣತೊಡಗುತ್ತವೆ.