ರಾಜ್ಯಮಟ್ಟದ ಈಜಿನಲ್ಲಿ ಚಿನ್ನ ಗೆದ್ದ ನಮ್ಮ ಕಲಬುರಗಿ ಹುಡುಗನನ್ನು ಒಲಿಂಪಿಕ್ಸ್‌ಗೆ ಯಾಕೆ ಕಳಿಸಲ್ಲ?

ಯಾಕಂದ್ರೆ ಈಜಿನಲ್ಲಿ ಒಲಿಂಪಿಕ್ಸ್ ಟಿಕೆಟ್ ಕೊಡೋದು ಪದಕ ಅಲ್ಲ, ಗಡಿಯಾರ. ವಿಶ್ವ ಈಜು ಸಂಸ್ಥೆ ಪ್ರತಿ ಸ್ಪರ್ಧೆಗೂ ಒಂದು ಸಮಯ ಗೊತ್ತು ಮಾಡುತ್ತದೆ, ಅದಕ್ಕೆ 'ಎ' ಕಟ್ ಅಂತಾರೆ. ಅದನ್ನು ಮಾನ್ಯತೆ ಇರುವ ಕೂಟದಲ್ಲಿ, 50 ಮೀಟರ್ ಕೊಳದಲ್ಲೇ ಮುಟ್ಟಬೇಕು. 25 ಮೀಟರ್ ಕೊಳದ ಟೈಮ್ ಲೆಕ್ಕಕ್ಕಿಲ್ಲ, ಯಾಕಂದ್ರೆ ಅಲ್ಲಿ ಜಾಸ್ತಿ ಸಲ ತಿರುಗುತ್ತೀರಿ, ತಿರುಗಿದಾಗೆಲ್ಲ ಗೋಡೆ ಒದ್ದು ಪುಕ್ಕಟೆ ವೇಗ ಸಿಗುತ್ತದೆ. ಬೆನ್ನಿಗೆ ಡಬ್ಬಿ ಕಟ್ಕೊಂಡು ಬಾವಿಯಲ್ಲಿ ಈಜು ಕಲಿತ ನಮ್ಮ ಕಡೆಯವರಿಗೆ ಇದು ಗೊತ್ತೇ ಇದೆ: ಬಾವಿಯ ಕಲ್ಲಿಗೆ ಕಾಲು ಕೊಟ್ಟು ಒದ್ದರೆ ಅರ್ಧ ಬಾವಿ ಸುಮ್ನೆ ದಾಟಬಹುದು, ಅಲ್ವಾ?

ನಮ್ಮ ದೇಶದ ಈಜುಗಾರ ಸಾಜನ್ ಪ್ರಕಾಶ್ 2021ರಲ್ಲಿ ರೋಮ್‌ನಲ್ಲಿ 200 ಮೀಟರ್ ಬಟರ್‌ಫ್ಲೈ (ಎರಡೂ ಕೈ ಒಟ್ಟಿಗೆ ಬೀಸಿ ಈಜೋದು) 1:56.38ರಲ್ಲಿ, ಅಂದ್ರೆ 1 ನಿಮಿಷ 56.38 ಸೆಕೆಂಡಿನಲ್ಲಿ ಮುಗಿಸಿದರು. ಕಟ್ ಇದ್ದದ್ದು 1:56.48. ಬರೀ ಅಷ್ಟು ಅಂತರ! 'ಎ' ಕಟ್ ಮುಟ್ಟಿದ ಮೊದಲ ಭಾರತೀಯ ಅವರೇ.

ದೇಶದಿಂದ ಯಾರೂ ಅರ್ಹತೆ ಪಡೆಯದಿದ್ದರೆ ಗಂಡಸರಲ್ಲಿ ಒಬ್ಬರು, ಹೆಂಗಸರಲ್ಲಿ ಒಬ್ಬರು ಹೋಗಲು ಯೂನಿವರ್ಸಾಲಿಟಿ ಕೋಟಾ ಅಂತ ಇದೆ. 2024ರಲ್ಲಿ ಬೆಂಗಳೂರಿನ 14 ವರ್ಷದ ಧಿನಿಧಿ ದೇಸಿಂಗು ಪ್ಯಾರಿಸ್‌ಗೆ ಹೋದದ್ದು ಹಾಗೆ. ಆದರೆ ಅದಕ್ಕೂ ದೇಶದಲ್ಲೇ ಮೇಲಿನ ರ‍್ಯಾಂಕ್ ಬೇಕು, ರಾಜ್ಯದ ಚಿನ್ನ ಸಾಲದು.