ಓದುಗರ ಪ್ರಶ್ನೆ: ಡೇವಿಡ್ ಮ್ಯಾಗ್ನುಸನ್ ಮತ್ತು ಓರೆಬ್ರೂ ನಗರದ ಮಕ್ಕಳು

ಪ್ರಶ್ನೆ: ಮನೋವಿಜ್ಞಾನದ ಉಪನ್ಯಾಸವೊಂದರಲ್ಲಿ ಸ್ವೀಡನ್ನಿನ ಡೇವಿಡ್ ಮ್ಯಾಗ್ನುಸನ್ ಅವರ ಹೆಸರು ಕೇಳಿದೆ. ಬೇಗ ಮೈನೆರೆಯುವ ಹುಡುಗಿಯರು ದಾರಿ ತಪ್ಪುತ್ತಾರೆಂದು ಅವರ ಅಧ್ಯಯನ ತೋರಿಸಿತಂತೆ. ಇದು ನಿಜವೇ? ಅವರು ಯಾರು, ಅವರ ಕೆಲಸವೇನು?

ಉತ್ತರ: ನೀವು ಕೇಳಿದ್ದರಲ್ಲಿ ಅರ್ಧ ಮಾತ್ರ ನಿಜ, ಬಿಟ್ಟುಹೋದ ಇನ್ನರ್ಧದಲ್ಲಿಯೇ ಮ್ಯಾಗ್ನುಸನ್ ಅವರ ಜೀವಮಾನದ ವಾದವಿದೆ.

1925ರಲ್ಲಿ ಜನಿಸಿ 2017ರಲ್ಲಿ ನಿಧನರಾದ ಅವರು ಸ್ಟಾಕ್‌ಹೋಮ್ ವಿಶ್ವವಿದ್ಯಾಲಯದಲ್ಲಿ ಮನೋವಿಜ್ಞಾನದ ಪ್ರಾಧ್ಯಾಪಕರಾಗಿದ್ದರು. 1960ರ ದಶಕದ ಮಧ್ಯದಲ್ಲಿ, ಮಧ್ಯಮ ಗಾತ್ರದ ಓರೆಬ್ರೂ ನಗರದಲ್ಲಿ ಶಾಲೆಗೆ ಹೋಗುತ್ತಿದ್ದ ಮಕ್ಕಳನ್ನು ದೊಡ್ಡವರಾಗುವವರೆಗೂ ಅನುಸರಿಸುವ ಅಧ್ಯಯನವನ್ನು ಆರಂಭಿಸಿದರು. ಅದರ ಮುಖ್ಯ ತಂಡದಲ್ಲಿದ್ದ ಸಾವಿರಕ್ಕೂ ಹೆಚ್ಚು ಮಕ್ಕಳಿಗೆ 1965ರಲ್ಲಿ ಸುಮಾರು 10 ವರ್ಷ. ಆಯ್ದ ಕೆಲವರನ್ನಲ್ಲದೆ ನಗರದ ಶಾಲೆಗಳಲ್ಲಿ ಆ ತರಗತಿಯಲ್ಲಿದ್ದ ಎಲ್ಲರನ್ನೂ ಸೇರಿಸಿಕೊಂಡದ್ದು ನನ್ನ ದೃಷ್ಟಿಯಲ್ಲಿ ಬಹಳ ದೊಡ್ಡ ನಿರ್ಧಾರ; ಚಿಕಿತ್ಸಾಲಯಕ್ಕೋ ನ್ಯಾಯಾಲಯಕ್ಕೋ ಬಂದ ಮಕ್ಕಳನ್ನಷ್ಟೇ ನೋಡುವವರಿಗೆ, ಅಂಥದೇ ಪರಿಸ್ಥಿತಿಯಲ್ಲಿದ್ದೂ ಚೆನ್ನಾಗಿ ಬೆಳೆದ ಮಕ್ಕಳು ಕಣ್ಣಿಗೆ ಬೀಳುವುದೇ ಇಲ್ಲ.

ಈಗ ನಿಮ್ಮ ಪ್ರಶ್ನೆಗೆ ಬರೋಣ. ಮ್ಯಾಗ್ನುಸನ್, ಹೋಕನ್ ಸ್ಟಾಟಿನ್ ಮತ್ತು ಸಹೋದ್ಯೋಗಿಗಳು ಹುಡುಗಿಯರನ್ನು ಮೊದಲ ಮುಟ್ಟಿನ ವಯಸ್ಸಿಗೆ ಅನುಗುಣವಾಗಿ ಗುಂಪು ಮಾಡಿ ಹೋಲಿಸಿದರು. 11 ವರ್ಷಕ್ಕೂ ಮೊದಲೇ ಮೈನೆರೆದವರಲ್ಲಿ 14-15ರ ಹೊತ್ತಿಗೆ ಮದ್ಯ ಸೇವಿಸುವುದು, ಶಾಲೆ ತಪ್ಪಿಸುವುದು ಮೊದಲಾದವು ಇತರರಿಗಿಂತ ಹೆಚ್ಚಾಗಿ ಕಂಡವು ಎಂಬುದು ಸತ್ಯ. ಆದರೆ ಅವರು ಅಲ್ಲಿಗೇ ನಿಲ್ಲದೆ, ಆ ಹುಡುಗಿಯರ ಒಡನಾಟ ಯಾರೊಂದಿಗೆ ಎಂದು ವಿಚಾರಿಸಿದರು. ತಮಗಿಂತ ದೊಡ್ಡ ವಯಸ್ಸಿನ ಗೆಳೆಯರಿದ್ದ ಹುಡುಗಿಯರಲ್ಲಿಯೇ ಈ ವರ್ತನೆ ಎದ್ದು ಕಾಣುತ್ತಿತ್ತು. ಬೇಗ ಮೈನೆರೆದರೂ ಅಂಥ ಒಡನಾಟವಿಲ್ಲದವರು ಬಹುಮಟ್ಟಿಗೆ ಉಳಿದ ಹುಡುಗಿಯರಂತೆಯೇ ಇದ್ದರು. ದೇಹ ಬೇಗ ಬೆಳೆದಾಗ ಹುಡುಗಿ ತನ್ನನ್ನು ದೊಡ್ಡವಳೆಂದು ಭಾವಿಸುತ್ತಾಳೆ, ಇತರರೂ ಹಾಗೆಯೇ ಕಾಣುತ್ತಾರೆ, ಹಿರಿಯರ ಗುಂಪಿಗೆ ಅವಳು ಸಹಜವಾಗಿ ಸೇರುತ್ತಾಳೆ, ಆ ಗುಂಪಿನಲ್ಲಿ ಸಾಮಾನ್ಯವೆನಿಸಿದ್ದು ಅವಳಿಗೂ ಸಾಮಾನ್ಯವೆನಿಸುತ್ತದೆ. ಇದರಲ್ಲಿ ಹಾರ್ಮೋನಿಗೂ ಪಾತ್ರವಿದೆ, ಗೆಳೆತನಕ್ಕೂ ಪಾತ್ರವಿದೆ. ಒಂದನ್ನು ಕಿತ್ತು ಪ್ರತ್ಯೇಕವಾಗಿ ಅದರ ಮೇಲೆ ಆರೋಪ ಹೊರಿಸಲಾಗದು.

ಅಧ್ಯಯನ 15ನೆಯ ವಯಸ್ಸಿಗೆ ಮುಗಿದಿದ್ದರೆ ನಿಮ್ಮ ಉಪನ್ಯಾಸಕರ ಮಾತೇ ಉಳಿಯುತ್ತಿತ್ತೇನೋ. ಅದೇ ಹುಡುಗಿಯರನ್ನು ಅವರ ಇಪ್ಪತ್ತೈದರ ಆಸುಪಾಸಿನ ವಯಸ್ಸಿನಲ್ಲಿ ಮತ್ತೆ ಭೇಟಿಯಾದಾಗ ಮದ್ಯ ಸೇವನೆಯಲ್ಲಿ ಗುಂಪುಗಳ ನಡುವಿನ ವ್ಯತ್ಯಾಸ ಅಳಿಸಿಹೋಗಿತ್ತು. ಉಳಿದದ್ದು ಬೇರೆಯದೇ ಪರಿಣಾಮ: ಬೇಗ ಮೈನೆರೆದವರಲ್ಲಿ ಕಡ್ಡಾಯ ಶಿಕ್ಷಣದ ನಂತರ ಓದು ಮುಂದುವರಿಸಿದವರು ಕಡಿಮೆ. ಎಲ್ಲರೂ ಗಾಬರಿಗೊಳ್ಳುವ ವಿಷಯ ತಾನಾಗಿ ಕರಗಿ, ಯಾರೂ ಅಷ್ಟಾಗಿ ಚರ್ಚಿಸದ ವಿಷಯ ಬದುಕಿನುದ್ದಕ್ಕೂ ಉಳಿದದ್ದು ಈ ಸಂಶೋಧನೆಯಲ್ಲಿ ನನ್ನನ್ನು ಅತ್ಯಂತ ಕಾಡುವ ಅಂಶ.

ಹುಡುಗರ ಕುರಿತೂ ಅವರು ದೇಹವನ್ನು ಕಡೆಗಣಿಸಲಿಲ್ಲ. ಒತ್ತಡದಲ್ಲಿ ದೇಹ ಸ್ರವಿಸುವ ಹಾರ್ಮೋನಾದ ಅಡ್ರಿನಲಿನ್ ಮೂತ್ರದಲ್ಲಿ ಎಷ್ಟಿದೆ ಎಂಬುದನ್ನು ಸಹ ಅಳೆದು, ನಡವಳಿಕೆಯ ಜೊತೆಗಿಟ್ಟು ನೋಡಿದರು. ಬುದ್ಧಿಮತ್ತೆ, ಆಕ್ರಮಣಶೀಲತೆ, ಕುಟುಂಬದ ಆದಾಯ ಇವನ್ನು ಒಂದೊಂದಾಗಿ ಬಿಡಿಸಿ ಅವುಗಳ ಸರಾಸರಿ ಸಂಬಂಧವನ್ನು ಲೆಕ್ಕ ಹಾಕಿದರೆ ಅಂಥ ಸರಾಸರಿ ಮಗು ಎಲ್ಲಿಯೂ ಸಿಗುವುದಿಲ್ಲವಾದ್ದರಿಂದ, ಈ ಗುಣಗಳು ಒಬ್ಬೊಬ್ಬ ವ್ಯಕ್ತಿಯಲ್ಲಿ ಹೇಗೆ ಒಟ್ಟುಗೂಡಿವೆ ಎಂಬುದನ್ನೇ ಅಧ್ಯಯನದ ಘಟಕವಾಗಿಸಬೇಕೆಂದು ಅವರು ವಾದಿಸಿದರು. ಇದನ್ನೇ ವ್ಯಕ್ತಿಕೇಂದ್ರಿತ ವಿಧಾನ ಎನ್ನುತ್ತಾರೆ. ಅದಕ್ಕೆ ಬೇಕಾದ ಸಂಖ್ಯಾಶಾಸ್ತ್ರೀಯ ಸಾಧನಗಳನ್ನು ರೂಪಿಸುವಲ್ಲಿ ಅವರೊಂದಿಗೆ ದುಡಿದ ಲಾರ್ಸ್ ಬರ್ಗ್‌ಮನ್ ಅವರೇ ಮುಂದೆ ಓರೆಬ್ರೂ ಅಧ್ಯಯನದ ಹೊಣೆ ಹೊತ್ತರು. ಅದರಲ್ಲಿದ್ದ ಹುಡುಗಿಯರನ್ನು ಅವರ 43ನೆಯ ವಯಸ್ಸಿನಲ್ಲಿಯೂ ಮತ್ತೊಮ್ಮೆ ಅಧ್ಯಯನ ಮಾಡಲಾಯಿತು.